ಊರ ಮಗಳೋ, ಊರ ಸೊಸೆಯೋ? ಅಂಗನವಾಡಿ ಆರ್ಡರ್ ರದ್ದಾದ ಮೇಲೆ ಹೈಕೋರ್ಟು ಕೇಳುವ ಪ್ರಶ್ನೆಯೇ ಬೇರೆ

ಊರಿನಲ್ಲಿ ಒಂದು ಅಂಗನವಾಡಿ ಕಾರ್ಯಕರ್ತೆಯ ಜಾಗ ಖಾಲಿ ಬಿತ್ತೆಂದರೆ ಪಂಚಾಯಿತಿ ಎಲೆಕ್ಷನ್ನೇ ಎರಡನೇ ಸಲ ಬಂದಂತೆ. ಹಾಲಿನ ಡೈರಿ ಮುಂದೆ ಅದೇ ಮಾತು, ನಲ್ಲಿ ಹತ್ತಿರ ಅದೇ ಮಾತು. ಯಾರ ಮಗಳು ಅರ್ಜಿ ಹಾಕಿದ್ದಾಳೆ, ಯಾರ ಸೊಸೆಗೆ ಎಷ್ಟು ಮಾರ್ಕ್ಸು, ಯಾವ ಮೆಂಬರು ಯಾರ ಪರ? ಮೈಸೂರು ಜಿಲ್ಲೆಯೇ ಆಗಲಿ, ರಾಯಚೂರೇ ಆಗಲಿ, ಈ ಲೆಕ್ಕಾಚಾರದಲ್ಲಿ ವ್ಯತ್ಯಾಸವಿಲ್ಲ.

ಹಾಗಂತ ಇದೇನು ದೊಡ್ಡ ನೌಕರಿಯಲ್ಲ. ಸರ್ಕಾರದ ಭಾಷೆಯಲ್ಲಿ ಇದಕ್ಕೆ ಸಂಬಳ ಎಂಬ ಮಾತೇ ಇಲ್ಲ, ಕೊಡುವುದು ‘ಗೌರವಧನ’. ಗೌರವ ಎಷ್ಟು, ಧನ ಎಷ್ಟು ಎಂಬುದನ್ನು ಬಿಸಿಲಲ್ಲಿ ಮನೆಮನೆ ಅಲೆದು ಮಕ್ಕಳ ತೂಕ ಬರೆಯುವವರನ್ನೇ ಕೇಳಬೇಕು. ಆದರೂ ಓದು ಮುಗಿಸಿ, ಮದುವೆಯಾಗಿ, ಒಲೆಗೂ ಹೊಲಕ್ಕೂ ನಡುವೆ ಓಡಾಡುವ ಹೆಣ್ಣುಮಗಳಿಗೆ ಊರು ಬಿಡದೆ ಸಿಗಬಹುದಾದ ಸರ್ಕಾರದ ಕೆಲಸ ಇಂಥದೊಂದೋ ಎರಡೋ. ಅದಕ್ಕೇ ಈ ಜಗಳ. ಜಗಳ ಊರಲ್ಲೇ ಮುಗಿದರೆ ಸರಿ. ಈಚೆಗೆ ಅದು ಬೆಂಗಳೂರಿನ ಹೈಕೋರ್ಟಿನವರೆಗೂ, ಉತ್ತರದವರಾದರೆ ಧಾರವಾಡ, ಕಲಬುರಗಿ ಪೀಠಗಳವರೆಗೂ ಹೋಗುತ್ತಿದೆ.

ಎಲ್ಲ ಕಡೆಯೂ ಕಥೆ ಹೆಚ್ಚುಕಡಿಮೆ ಒಂದೇ. ಒಂದು ಊರು ಅಂತ ಇಟ್ಟುಕೊಳ್ಳಿ, ಹೆಸರು ಬೇಡ. ಇಬ್ಬರ ಅರ್ಜಿ. ಒಬ್ಬಳು ಅದೇ ಊರಲ್ಲಿ ಹುಟ್ಟಿದವಳು, ಗಂಡ ತೀರಿಕೊಂಡ ಮೇಲೆ ಮಗು ಕರೆದುಕೊಂಡು ತವರಿಗೆ ಬಂದವಳು. ಇನ್ನೊಬ್ಬಳು ಮೂರು ವರ್ಷದ ಹಿಂದೆ ಈ ಊರಿಗೆ ಸೊಸೆಯಾಗಿ ಬಂದವಳು. ಇಬ್ಬರೂ ಓದಿದ್ದಾರೆ, ಇಬ್ಬರಿಗೂ ಕೆಲಸ ಬೇಕು, ಇಬ್ಬರ ಮನೆಯಲ್ಲೂ ಅಷ್ಟಕ್ಕಷ್ಟೆ. ಆಯ್ಕೆ ಸಮಿತಿ ತಾತ್ಕಾಲಿಕ ಪಟ್ಟಿ ಹಾಕಿತು, ತಕರಾರಿಗೆ ದಿನ ಕೊಟ್ಟಿತು, ದಿನ ಮುಗಿಯಿತು. ಊರ ಮಗಳಿಗೆ ಆರ್ಡರು ಬಂತು. ಆಕೆ ಕೆಲಸಕ್ಕೂ ಸೇರಿದಳು, ರಿಜಿಸ್ಟರುಗಳನ್ನೂ ವಹಿಸಿಕೊಂಡಳು.

ಎರಡು ತಿಂಗಳಾದ ಮೇಲೆ ಒಂದು ತಕರಾರು ಅರ್ಜಿ ಕಚೇರಿಗೆ ತಲುಪುತ್ತದೆ. ‘ಸದರಿಯವರು ಸ್ಥಳೀಯರಲ್ಲ, ಪಡಿತರ ಚೀಟಿ ಇನ್ನೂ ಗಂಡನ ಊರಲ್ಲೇ ಇದೆ.’ ಅರ್ಜಿಯ ಹಿಂದೆ ಯಾರೋ ಪುಢಾರಿಯ ಫೋನು. ಕಂದಾಯ ಇಲಾಖೆಯಿಂದ ಒಂದು ವರದಿ ತರಿಸುತ್ತಾರೆ. ವರದಿ ಬರೆದವರು ಊರಿಗೆ ಹೋಗಿದ್ದರೋ, ಮೇಜಿನ ಮೇಲೇ ಬರೆದರೋ ದೇವರಿಗೇ ಗೊತ್ತು. ಒಂದು ದಿನ ಮೇಲ್ವಿಚಾರಕಿ ಬಂದು, ‘ನಿನ್ನ ಆರ್ಡರ್ ಕ್ಯಾನ್ಸಲ್ ಆಗಿದೆ ಕಣಮ್ಮ, ಕೀಲಿ ಕೊಡು’ ಅನ್ನುತ್ತಾರೆ. ಕೈಗೆ ಸಿಗುವ ಕಾಗದದಲ್ಲಿ ನಾಲ್ಕು ‘ಉಲ್ಲೇಖ’, ಒಂದು ‘ಪ್ರಸ್ತಾವನೆ’, ಕೊನೆಗೆ ‘ನೇಮಕಾತಿಯನ್ನು ರದ್ದುಪಡಿಸಲಾಗಿದೆ’ ಎಂಬ ಒಂದು ಸಾಲು. ಯಾಕೆ ಸಾರ್ ಅಂತ ಕೇಳಿದರೆ ಗುಮಾಸ್ತರದು ಎಂದಿನ ಉತ್ತರ. ‘ಮೇಲಿಂದ ಬಂದದ್ದು, ನಮ್ಮ ಕೈಲೇನಿದೆ?’

ಸ್ಥಳೀಯಳು ಅಂದರೆ ಯಾರು ಎಂಬುದೇ ಈ ಜಗಳದ ಮೂಲ. ಗಂಡಸಿಗೆ ಊರು ಒಂದೇ. ಹೆಣ್ಣಿಗೆ ಹುಟ್ಟಿದ ಊರು, ಕೊಟ್ಟ ಊರು ಅಂತ ಎರಡು, ಕಾಗದಪತ್ರ ಮಾತ್ರ ಎರಡರ ನಡುವೆ ಎಲ್ಲೋ ಸಿಕ್ಕಿಕೊಂಡಿರುತ್ತದೆ. ವೋಟರ್ ಲಿಸ್ಟಿನಲ್ಲಿ ಒಂದು ಊರು, ಆಧಾರ್‌ನಲ್ಲಿ ಇನ್ನೊಂದು, ರೇಷನ್ ಕಾರ್ಡಿನಲ್ಲಿ ಅತ್ತೆ ಮಾವನ ಜೊತೆ ಹೆಸರು. ರಾಜಸ್ಥಾನದಲ್ಲಿ ಇದನ್ನು ಇನ್ನೂ ಮುಂದಕ್ಕೆ ಒಯ್ದು, ಮದುವೆಯಾಗದವರು ಅಂಗನವಾಡಿ ಕೆಲಸಕ್ಕೆ ಅರ್ಜಿಯನ್ನೇ ಹಾಕಬಾರದು ಎಂಬ ಷರತ್ತು ಇಟ್ಟಿದ್ದರು. ಮದುವೆಯಾದ ಮೇಲೆ ಊರು ಬಿಟ್ಟು ಹೋಗುತ್ತಾಳಲ್ಲ ಎಂಬ ವಾದ. 2023ರಲ್ಲಿ ಅಲ್ಲಿನ ಹೈಕೋರ್ಟು ಆ ಷರತ್ತನ್ನು ಸಂವಿಧಾನಕ್ಕೆ ವಿರುದ್ಧ ಎಂದು ತೆಗೆದುಹಾಕಿತು.

ಅತ್ತ ಸರ್ಕಾರಿ ನೌಕರಳೂ ಅಲ್ಲ

ಆರ್ಡರು ಕಳೆದುಕೊಂಡವಳು ಎಲ್ಲಿಗೆ ಹೋಗಬೇಕು? ಈ ಪ್ರಶ್ನೆಗೆ ಉತ್ತರ ಸಿಗಲಿಕ್ಕೇ ಮೂವತ್ತು ವರ್ಷ ಹಿಡಿಯಿತು. ಅದಕ್ಕೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

ಸಮಗ್ರ ಶಿಶು ಅಭಿವೃದ್ಧಿ ಯೋಜನೆ ದೇಶದಲ್ಲಿ ಶುರುವಾದದ್ದು 1975ರ ಗಾಂಧಿ ಜಯಂತಿಯ ದಿನ, 33 ಕಡೆ ಪ್ರಯೋಗವಾಗಿ. ಕರ್ನಾಟಕದ ಪಾಲಿಗೆ ಬಂದದ್ದು ನಮ್ಮ ತಿರುಮಕೂಡಲು ನರಸೀಪುರ. ಕಾವೇರಿ ಕಪಿಲೆ ಕೂಡುವ ತಾಲ್ಲೂಕಿನಲ್ಲಿ 100 ಅಂಗನವಾಡಿ. ಆಗ ಮೆಟ್ರಿಕ್ ಪಾಸಾದ ಕಾರ್ಯಕರ್ತೆಗೆ ತಿಂಗಳಿಗೆ 150 ರೂಪಾಯಿ, ಪಾಸಾಗದವರಿಗೆ 100. ಬಾಗಿಲು ತೆರೆದು, ಕಸ ಗುಡಿಸಿ, ಅಡಿಗೆ ಮಾಡುವ ಸಹಾಯಕಿಗೆ 35. ಊರಿನ ಹೆಣ್ಣುಮಗಳು ಬಿಡುವಿನ ಹೊತ್ತಿನಲ್ಲಿ ಮಾಡುವ ಸಮಾಜಸೇವೆ ಎಂಬ ಎಣಿಕೆ ಅದರ ಹಿಂದಿತ್ತು. ಬಿಡುವಿನ ಹೊತ್ತಿನ ಸೇವೆಗೆ ಆಮೇಲೆ ಒಂದೊಂದೇ ಕೆಲಸ ಸೇರಿತು. ಆಹಾರ, ಚುಚ್ಚುಮದ್ದು, ತೂಕ, ಬಸುರಿ ಬಾಣಂತಿಯರ ಪಟ್ಟಿ, ಶಾಲೆಗೆ ಮುಂಚಿನ ಪಾಠ, ಸರ್ವೆ, ಈಗ ಮೊಬೈಲಿನಲ್ಲಿ ಫೋಟೋ ಸಮೇತ ಲೆಕ್ಕ. ಕೇಂದ್ರದ ನಿಗದಿ 2018ರ ಅಕ್ಟೋಬರಿನಲ್ಲಿ 3,000ದಿಂದ 4,500ಕ್ಕೆ ಏರಿತು. ಅದರ ಮೇಲೆ ರಾಜ್ಯ ತನ್ನದೊಂದಿಷ್ಟು ಹಾಕಿಕೊಡುತ್ತದೆ. ಹೆಸರು ಮಾತ್ರ ಗೌರವಧನ ಎಂದೇ ಉಳಿಯಿತು.

1986ರಲ್ಲಿ ರಾಜ್ಯದಲ್ಲಿ ಆಡಳಿತ ನ್ಯಾಯಮಂಡಳಿ ಬಂತು, ಜನ ಕೆಎಟಿ ಎನ್ನುವುದು ಅದನ್ನೇ. ಸರ್ಕಾರಿ ನೌಕರರ ತಂಟೆ ತಕರಾರು ಕೇಳುವ ಜಾಗ. ಕೆಲಸ ಕಳೆದುಕೊಂಡ ಅಂಗನವಾಡಿ ಕಾರ್ಯಕರ್ತೆಯರೂ ಅಲ್ಲಿಗೇ ಹೋದರು. ನಮ್ಮ ಅರ್ಜಿ ಇಲ್ಲಿ ನಿಲ್ಲುತ್ತದೋ ಇಲ್ಲವೋ ಎಂಬ ಪ್ರಶ್ನೆ ಕೊನೆಗೆ ಸುಪ್ರೀಂ ಕೋರ್ಟಿನವರೆಗೂ ಹೋಯಿತು. ಕರ್ನಾಟಕ ಸರ್ಕಾರವೇ ಮೇಲ್ಮನವಿದಾರ, ಎದುರಿಗೆ ನಮ್ಮದೇ ರಾಜ್ಯದ ಕಾರ್ಯಕರ್ತೆಯರು. 2006ರ ಡಿಸೆಂಬರ್ 7ರಂದು ತೀರ್ಪು ಬಂತು. ಅಂಗನವಾಡಿ ಕಾರ್ಯಕರ್ತೆಯ ಕೆಲಸ ಯೋಜನೆಯಡಿ ಹುಟ್ಟಿದ್ದು, ಶಾಸನದಿಂದ ಹುಟ್ಟಿದ್ದಲ್ಲ. ಅವರು ನಾಗರಿಕ ಹುದ್ದೆಯಲ್ಲಿರುವವರಲ್ಲ. ಆದ್ದರಿಂದ ಕೆಎಟಿಗೆ ಇವರ ಅರ್ಜಿ ಕೇಳುವ ಅಧಿಕಾರವಿಲ್ಲ.

ತಮಾಷೆ ನೋಡಿ. ಅದಾಗಿ ಆರೇ ದಿನಕ್ಕೆ, ಡಿಸೆಂಬರ್ 13ರಂದು, ಅದೇ ಸುಪ್ರೀಂ ಕೋರ್ಟಿನ ಇನ್ನೊಂದು ಪೀಠ ಆಹಾರದ ಹಕ್ಕಿನ ಮೊಕದ್ದಮೆಯಲ್ಲಿ ಬೇರೆ ಆದೇಶ ಕೊಟ್ಟಿತು. 2008ರ ಡಿಸೆಂಬರಿನ ಹೊತ್ತಿಗೆ ದೇಶದಲ್ಲಿ 14 ಲಕ್ಷ ಅಂಗನವಾಡಿ ಆಗಬೇಕು. ಆರು ವರ್ಷದೊಳಗಿನ 40 ಮಕ್ಕಳಿರುವ ಯಾವ ವಸತಿಯವರು ಕೇಳಿದರೂ ಮೂರು ತಿಂಗಳೊಳಗೆ ಒಂದು ಅಂಗನವಾಡಿ ಕೊಡಬೇಕು. ಅಂಗನವಾಡಿ ಮಗುವಿನ ಹಕ್ಕು. ಅದನ್ನು ನಡೆಸುವವಳು ಮಾತ್ರ ಸರ್ಕಾರದ ನೌಕರಳಲ್ಲ. ಕಾನೂನು ಬಲ್ಲವರು ಎರಡಕ್ಕೂ ವಿರೋಧವಿಲ್ಲ ಎನ್ನುತ್ತಾರೆ. ಇರಬಹುದು. ಕೀಲಿ ಕಿತ್ತುಕೊಂಡು ಕಳಿಸಿದವಳಿಗೆ ಅದನ್ನು ತಿಳಿಸಿ ಹೇಳುವುದು ಕಷ್ಟ.

ಆಮೇಲೆ ಗಾಳಿ ಸ್ವಲ್ಪ ಬದಲಾಯಿತು. 2013ರಲ್ಲಿ ಆಹಾರ ಭದ್ರತಾ ಕಾಯ್ದೆ ಬಂದು, ಮಕ್ಕಳಿಗೂ ಬಸುರಿ ಬಾಣಂತಿಯರಿಗೂ ಅಂಗನವಾಡಿಯ ಮೂಲಕ ಆಹಾರ ಕೊಡುವುದು ಕಾನೂನಿನ ಕರ್ತವ್ಯವಾಯಿತು. ಇದನ್ನೇ ಹಿಡಿದು 2022ರ ಏಪ್ರಿಲ್ 25ರಂದು ಸುಪ್ರೀಂ ಕೋರ್ಟು ಗುಜರಾತಿನ ಪ್ರಕರಣವೊಂದರಲ್ಲಿ, ಈ ಕಾರ್ಯಕರ್ತೆಯರೂ ಸಹಾಯಕಿಯರೂ 1972ರ ಕಾಯ್ದೆಯಂತೆ ಗ್ರಾಚ್ಯುಟಿಗೆ ಅರ್ಹರು ಎಂದಿತು. ಕೊಡುವ ಹಣಕ್ಕೆ ಗೌರವಧನ ಎಂದು ಹೆಸರಿಟ್ಟ ಮಾತ್ರಕ್ಕೆ ಅದು ಕೂಲಿಯಲ್ಲ ಎಂದಾಗುವುದಿಲ್ಲ ಎಂಬುದು ಅದರ ಸಾರ.

ಇಷ್ಟೆಲ್ಲ ಆಗಿಯೂ ಆರ್ಡರು ರದ್ದಾದವಳಿಗೆ ಉಳಿದ ದಾರಿ ಒಂದೇ, ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ. ನಾಗರಿಕ ಹುದ್ದೆಯಲ್ಲವಾದ್ದರಿಂದ ಸರ್ಕಾರಿ ನೌಕರರಿಗೆ 311ನೇ ವಿಧಿ ಕೊಡುವ ರಕ್ಷಣೆಯನ್ನು ಇವಳು ಕೇಳುವಂತಿಲ್ಲ. ಆದರೆ 14ನೇ ವಿಧಿ, ಅಂದರೆ ಸರ್ಕಾರ ಯಾರೊಂದಿಗೂ ಮನಸ್ಸಿಗೆ ಬಂದಂತೆ ನಡೆದುಕೊಳ್ಳಬಾರದು ಎಂಬ ನಿಯಮ, ಎಲ್ಲರದೂ.

ಕೇಳಿದಿರಾ, ಇಲ್ಲವಾ?

ಹೈಕೋರ್ಟಿಗೆ ಹೋಗುವ ಇಬ್ಬರೂ ಒಂದೇ ತಪ್ಪು ತಿಳಿವಳಿಕೆ ಹೊತ್ತು ಹೋಗುತ್ತಾರೆ. ಜಡ್ಜು ಇಬ್ಬರ ಮಾರ್ಕ್ಸು, ರೇಷನ್ ಕಾರ್ಡು ನೋಡಿ ಯಾರು ನಿಜವಾದ ಹಕ್ಕುದಾರಳು ಅಂತ ಹೇಳಿಬಿಡುತ್ತಾರೆ ಎಂದು. ಹಾಗಾಗುವುದು ಅಪರೂಪ. ಯಾರು ಯಾವ ಊರಲ್ಲಿ ವಾಸ ಎಂಬಂಥ ಸಾಕ್ಷಿ ಪುರಾವೆಯ ಜಗಳ ರಿಟ್ ಅರ್ಜಿಯಲ್ಲಿ ತೀರ್ಮಾನವಾಗುವಂಥದ್ದಲ್ಲ. ಕೋರ್ಟು ನೋಡುವುದು ತೀರ್ಮಾನವನ್ನಲ್ಲ, ತೀರ್ಮಾನಕ್ಕೆ ಬಂದ ದಾರಿಯನ್ನು. ಮೊದಲ ಪ್ರಶ್ನೆ ಅಧಿಕಾರಿಗೆ. ರದ್ದು ಮಾಡುವ ಮುಂಚೆ ಈಕೆಗೆ ನೋಟಿಸು ಕೊಟ್ಟಿದ್ದಿರಾ? ಈಕೆಯ ಮೇಲೆ ಬಂದ ದೂರಿನ ನಕಲು, ತನಿಖೆಯ ವರದಿ ಈಕೆಗೆ ತಲುಪಿತ್ತಾ? ಈಕೆ ಹೇಳುವುದನ್ನು ಕೇಳಿದಿರಾ?

ಈ ಪ್ರಶ್ನೆಯ ಬೇರು 1967ರ ಒಂದು ತೀರ್ಪಿನಲ್ಲಿದೆ. ಒರಿಸ್ಸಾ ಸರ್ಕಾರ ತನ್ನ ಒಬ್ಬ ವೈದ್ಯೆಯ ಹುಟ್ಟಿದ ದಿನಾಂಕವನ್ನು ತಾನೇ ಬದಲಾಯಿಸಿ, ವಯಸ್ಸಾಯಿತು ಎಂದು ಮನೆಗೆ ಕಳಿಸಿತ್ತು. ಅದು ಬರೀ ಆಡಳಿತದ ಆದೇಶ, ಅದಕ್ಕೇಕೆ ವಿಚಾರಣೆ ಎಂಬುದು ಸರ್ಕಾರದ ಮಾತು. ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಆಡಳಿತದ ಆದೇಶವೇ ಆದರೂ ಅದರಿಂದ ಒಬ್ಬರ ಬದುಕಿಗೆ ಏಟು ಬೀಳುವುದಾದರೆ ಅವರ ಮಾತು ಕೇಳಲೇಬೇಕು. ವೈದ್ಯೆಗೆ ಹೇಳಿದ್ದು ಅಂಗನವಾಡಿ ಕಾರ್ಯಕರ್ತೆಗೂ ಸಲ್ಲುತ್ತದೆ.

ಎರಡನೇ ಪ್ರಶ್ನೆ ಕಾಗದದ್ದು. ರದ್ದತಿ ಆದೇಶದಲ್ಲಿ ಕಾರಣ ಬರೆದಿದೆಯೇ? ಕಚೇರಿಗಳ ಒಂದು ಹಳೇ ಚಾಳಿಯಿದೆ. ಆದೇಶದಲ್ಲಿ ಒಂದು ಸಾಲು ಬರೆದು ಕಳಿಸುವುದು, ಕೋರ್ಟಿನಿಂದ ನೋಟಿಸು ಬಂದ ಮೇಲೆ ಕಡತ ತೆಗೆದು ಹತ್ತು ಪುಟ ಕಾರಣ ಹುಡುಕುವುದು. ವಯಸ್ಸು ಸರಿಯಿಲ್ಲ, ಸರ್ಟಿಫಿಕೇಟು ಸರಿಯಿಲ್ಲ, ಮೀಸಲಾತಿ ಸರಿಯಿಲ್ಲ, ಹೀಗೆ. ಇದಕ್ಕೂ ಬೀಗ ಬಿದ್ದಿದೆ. 1977ರ ಲೋಕಸಭಾ ಚುನಾವಣೆಯಲ್ಲಿ ಪಂಜಾಬಿನ ಫಿರೋಜ್‌ಪುರದ ಮತದಾನವನ್ನು ಚುನಾವಣಾ ಆಯೋಗ ರದ್ದು ಮಾಡಿದ ಪ್ರಕರಣದಲ್ಲಿ, ಅದೇ ವರ್ಷದ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಹೇಳಿದ ತತ್ವ ಇದು. ಆದೇಶ ನಿಲ್ಲಬೇಕಾದದ್ದು ಅದರಲ್ಲೇ ಬರೆದ ಕಾರಣದ ಮೇಲೆ, ಆಮೇಲೆ ಅಫಿಡವಿಟ್ಟಿನಲ್ಲಿ ತಂದು ಸೇರಿಸಿದ ಕಾರಣದ ಮೇಲಲ್ಲ. ಲೋಕಸಭೆಯ ಮತದಾನಕ್ಕೆ ಹೇಳಿದ ಮಾತು ಇಂದು ಹಳ್ಳಿಯ ಅಂಗನವಾಡಿ ಜಗಳದಲ್ಲೂ ವಕೀಲರ ಬಾಯಲ್ಲಿ ಬರುತ್ತದೆ.

ಇಲ್ಲಿ ಎರಡು ಎಚ್ಚರ. ಒಂದು, ಪಟ್ಟಿಯಲ್ಲಿ ಹೆಸರು ಬಂದದ್ದೇ ಬೇರೆ, ಆರ್ಡರು ಕೈಗೆ ಬಂದು ಕೆಲಸಕ್ಕೆ ಸೇರಿದ್ದೇ ಬೇರೆ. ಪಟ್ಟಿಯಲ್ಲಿ ಹೆಸರಿದ್ದ ಮಾತ್ರಕ್ಕೆ ಹುದ್ದೆಯ ಹಕ್ಕು ಹುಟ್ಟುವುದಿಲ್ಲ, ಹಾಗೆಂದು ಸರ್ಕಾರ ಮನಸ್ಸಿಗೆ ತೋಚಿದಂತೆ ಕೈಬಿಡುವಂತೆಯೂ ಇಲ್ಲ ಎಂದು 1991ರಲ್ಲೇ ಸುಪ್ರೀಂ ಕೋರ್ಟು ಹೇಳಿದೆ. ತಾತ್ಕಾಲಿಕ ಪಟ್ಟಿ ನೋಡಿ ಊರಿಗೆಲ್ಲ ಸಿಹಿ ಹಂಚಿದವರ ಕೇಸು ಅಷ್ಟರಮಟ್ಟಿಗೆ ಸಡಿಲ. ಎರಡನೆಯದು ಸುಳ್ಳು ಕಾಗದ. ನಕಲಿ ಅಂಕಪಟ್ಟಿ ಕೊಟ್ಟು ಕೆಲಸ ಗಿಟ್ಟಿಸಿದ್ದು ಸಾಬೀತಾದರೆ, ಬಡವಳು, ವಿಧವೆ ಎಂಬ ಮಾತಿಗೆ ಕೋರ್ಟು ಕರಗುವುದಿಲ್ಲ. ಕರಗಬಾರದು ಕೂಡ. ಆ ಕಾಗದದಿಂದ ಕೆಲಸ ತಪ್ಪಿಸಿಕೊಂಡವಳೂ ಅಷ್ಟೇ ಬಡವಳು.

ಮತ್ತೆ ಅದೇ ಮೇಜು

ಈಗ ಕೋರ್ಟಿನಲ್ಲಿ ಗೆದ್ದಳು ಅಂತಲೇ ಇಟ್ಟುಕೊಳ್ಳಿ. ರದ್ದತಿ ಆದೇಶ ಬಿದ್ದುಹೋಯಿತು. ಆಮೇಲೆ? ಬಹುಪಾಲು ಇಂಥ ಕೇಸುಗಳಲ್ಲಿ ಆದೇಶದ ಕೊನೆಯ ಸಾಲು ಒಂದೇ ಧಾಟಿಯದು. ಇಬ್ಬರಿಗೂ ನೋಟಿಸು ಕೊಟ್ಟು, ಇಬ್ಬರ ಮಾತೂ ಕೇಳಿ, ಕಾನೂನು ಪ್ರಕಾರ ಇಷ್ಟು ವಾರದೊಳಗೆ ಹೊಸದಾಗಿ ತೀರ್ಮಾನ ಮಾಡಿ. ತೀರ್ಮಾನ ಮಾಡಬೇಕಾದವರು ಯಾರು? ಅದೇ ಕಚೇರಿ. ಆ ಅಧಿಕಾರಿಗೆ ವರ್ಗವಾಗಿರಬಹುದು, ಮೇಜು ಮಾತ್ರ ಅದೇ, ಕಡತವೂ ಅದೇ, ಕಡತದಲ್ಲಿರುವ ವರದಿಯೂ ಅದೇ. ಬರೀ ಶಾಸ್ತ್ರಕ್ಕೆ ಕರೆದು ಕೂರಿಸಿ, ಹಳೇ ತೀರ್ಮಾನಕ್ಕೇ ಹೊಸ ಕಾರಣ ಬರೆದು ಕಳಿಸಿದರೆ ಮತ್ತೆ ಹೈಕೋರ್ಟು. ಹಳಬರು ಇದನ್ನು ‘ಕೋರ್ಟಿನಲ್ಲಿ ಗೆದ್ದವ ಸೋತ’ ಅನ್ನುತ್ತಾರಲ್ಲ, ಆ ಜಾತಿಯ ಗೆಲುವು.

ಇದರಲ್ಲಿ ಕೋರ್ಟಿನ ತಪ್ಪಿಲ್ಲ. ಊರಿಗೆ ಬಂದು ಮಹಜರು ಮಾಡುವುದು ಹೈಕೋರ್ಟಿನ ಕೆಲಸವಲ್ಲ. ತಪ್ಪಿರುವುದು ಮೊದಲ ದಿನ. ಹದಿನೈದು ದಿನದ ಒಂದು ನೋಟಿಸು, ಅರ್ಧ ದಿನದ ಒಂದು ವಿಚಾರಣೆ, ಎರಡು ಪುಟದ ಕಾರಣ. ಇಷ್ಟು ಮಾಡಿದ್ದರೆ ಬಹಳಷ್ಟು ಕೇಸುಗಳು ಹುಟ್ಟುತ್ತಲೇ ಇರಲಿಲ್ಲ. ಅದನ್ನು ಮಾಡದ ಅಧಿಕಾರಿಯ ಕಿಸೆಯಿಂದ ಸಾಮಾನ್ಯವಾಗಿ ಒಂದು ಪೈಸೆ ಹೋಗುವುದಿಲ್ಲ. ಸರ್ಕಾರಿ ವಕೀಲರನ್ನು ಸರ್ಕಾರವೇ ಕೊಡುತ್ತದೆ. ಖರ್ಚು ಬೀಳುವುದು ಇಬ್ಬರು ಹೆಂಗಸರ ಮೇಲೆ. ಒಬ್ಬಳು ಅರ್ಜಿದಾರಳು, ಇನ್ನೊಬ್ಬಳು ಪ್ರತಿವಾದಿ. ಆ ಇನ್ನೊಬ್ಬಳನ್ನು ಯಾರೂ ನೆನೆಯುವುದಿಲ್ಲ. ಅವಳೂ ಆರ್ಡರು ಹಿಡಿದು ಕೆಲಸಕ್ಕೆ ಸೇರಿದವಳೇ. ತಡೆಯಾಜ್ಞೆ ಬಂದ ದಿನ ಅವಳ ಗೌರವಧನವೂ ನಿಂತಿತು, ಊರಿನಲ್ಲಿ ಇಬ್ಬರ ಮನೆಗೂ ಮಾತು ನಿಂತಿತು.

ತಡೆಯಾಜ್ಞೆ ಇರುವಷ್ಟು ದಿನ ಅಂಗನವಾಡಿಯ ಗತಿ ಏನು? ಪಕ್ಕದೂರಿನ ಕಾರ್ಯಕರ್ತೆಗೆ ಪ್ರಭಾರ ಹಾಕುತ್ತಾರೆ. ಆಕೆ ತನ್ನ ಕೇಂದ್ರ ನೋಡುತ್ತಾಳೋ, ಇಲ್ಲಿಗೆ ಬರುತ್ತಾಳೋ? ಸಹಾಯಕಿ ಬಾಗಿಲು ತೆರೆದು, ಅನ್ನ ಬೇಯಿಸಿ ಬಡಿಸಿ ಕಳಿಸುತ್ತಾಳೆ. ತೂಕದ ರಿಜಿಸ್ಟರು ತಿಂಗಳ ಕೊನೆಯಲ್ಲಿ ಅಂದಾಜಿನ ಮೇಲೆ ತುಂಬುತ್ತದೆ. ತೂಕ ಇಳಿಯುತ್ತಿರುವ ಮಗು ಯಾವುದು ಎಂದು ಕಂಡುಹಿಡಿಯಬೇಕಾದ ಪುಸ್ತಕ ಅದು. ಮೂರು ವರ್ಷಕ್ಕೆ ಅಂಗನವಾಡಿಗೆ ಬಂದ ಮಗು ಆರಕ್ಕೆ ಒಂದನೇ ಕ್ಲಾಸಿಗೆ ಹೋಗುತ್ತದೆ. ಅರ್ಜಿ, ಆಕ್ಷೇಪಣೆ, ಮುಂದೂಡಿಕೆ, ಏಕಸದಸ್ಯ ಪೀಠದ ತೀರ್ಪು, ಅದರ ಮೇಲೆ ದ್ವಿಸದಸ್ಯ ಪೀಠಕ್ಕೆ ರಿಟ್ ಅಪೀಲು, ವಾಪಸ್ ವಿಚಾರಣೆ ಎಲ್ಲ ಸೇರಿದರೆ ಮೂರು ವರ್ಷ ಏನೂ ಹೆಚ್ಚಲ್ಲ.

ದೂರದ ಮಾತೂ ಇದೆ. 2008ರ ಜುಲೈನಲ್ಲಿ ಧಾರವಾಡಕ್ಕೂ ಗುಲ್ಬರ್ಗಕ್ಕೂ ಹೈಕೋರ್ಟಿನ ಸಂಚಾರಿ ಪೀಠ ಬಂದು, 2013ರಲ್ಲಿ ಅವು ಕಾಯಂ ಆದ ಮೇಲೆ ಉತ್ತರದ ಜಿಲ್ಲೆಗಳವರಿಗೆ ಒಂದು ರಾತ್ರಿಯ ಪ್ರಯಾಣ ಉಳಿದಿದೆ. ಮೈಸೂರು, ಚಾಮರಾಜನಗರದ ಕಡೆಯವರಿಗೆ ಬೆಂಗಳೂರೇ. ಬೆಳಗಿನ ರೈಲು ಹತ್ತಿ ಹೋದರೆ ‘ಇವತ್ತು ಕೇಸು ಬರಲ್ಲ ಕಣಮ್ಮ, ಮುಂದಿನ ವಾರ ನೋಡೋಣ’ ಎಂಬ ವಕೀಲರ ಮಾತು ಕೇಳಿಕೊಂಡು ಸಂಜೆಗೆ ವಾಪಸ್. ಅಸಲಿಗೆ ಪ್ರತಿ ಸಲ ಅರ್ಜಿದಾರರು ಹೋಗಲೇಬೇಕು ಎಂದೇನಿಲ್ಲ. ಅದನ್ನೂ ಬಹಳ ಜನಕ್ಕೆ ಯಾರೂ ಹೇಳುವುದಿಲ್ಲ.

ಹೇಳದ ಇನ್ನೊಂದು ಸಂಗತಿ ಹೆಚ್ಚು ಮುಖ್ಯ. 1987ರ ಕಾನೂನು ಸೇವೆಗಳ ಕಾಯ್ದೆಯ 12ನೇ ಕಲಮಿನಂತೆ ಯಾವುದೇ ಹೆಣ್ಣುಮಗಳಿಗೆ, ಆಕೆಯ ಆದಾಯ ಎಷ್ಟೇ ಇರಲಿ, ಉಚಿತವಾಗಿ ವಕೀಲರನ್ನು ಕೊಡಬೇಕು. ಹೈಕೋರ್ಟಿನ ಕೇಸಿಗೂ ಇದು ಅನ್ವಯಿಸುತ್ತದೆ, ಅದಕ್ಕೆಂದೇ ಹೈಕೋರ್ಟು ಕಾನೂನು ಸೇವಾ ಸಮಿತಿ ಇದೆ. ಆದರೂ ಓಲೆ, ಬಳೆ ಅಡವಿಟ್ಟು ಫೀಜು ಕಟ್ಟಿದವರ ಕಥೆಗೆ ಕೊರತೆಯಿಲ್ಲ. ತಡ ಮಾಡುವುದೂ ದುಬಾರಿ. ರಿಟ್ ಅರ್ಜಿಗೆ ಇಂತಿಷ್ಟೇ ದಿನ ಎಂಬ ಗಡುವಿಲ್ಲ ನಿಜ. ಆದರೆ ಕಾಲು ಹಿಡಿದು, ಎಮ್ಮೆಲ್ಲೆ ಮನೆ ಸುತ್ತಿ, ವರ್ಷ ಕಳೆದು ಹೋದರೆ, ಇಷ್ಟು ದಿನ ಎಲ್ಲಿದ್ದೆ ಎಂದು ಕೋರ್ಟೇ ಕೇಳುತ್ತದೆ. ಅಷ್ಟರಲ್ಲಿ ಆ ಜಾಗದಲ್ಲಿ ಇನ್ನೊಬ್ಬಳು ಬೇರು ಬಿಟ್ಟಿರುತ್ತಾಳೆ.

ರದ್ದತಿಯ ಕಾಗದ ಕೈಗೆ ಬಂದ ದಿನವೇ ಮಾಡಬೇಕಾದ ಕೆಲಸಗಳಿವೆ. ಬಾಯಿಮಾತಿಗೆ ಕೀಲಿ ಕೊಡದೆ ಬರಹದ ಆದೇಶ ಕೇಳಿ ಪಡೆಯುವುದು, ಪಡೆದ ತಾರೀಕು ಬರೆದು ಸಹಿ ಹಾಕುವುದು. ಕೊಡುವುದಿಲ್ಲ ಎಂದರೆ ಕೇಳಿದ ಅರ್ಜಿಗೆ ಟಪಾಲಿನಲ್ಲಿ ಸೀಲು ಹಾಕಿಸಿಕೊಂಡು ಹಿಂಬರಹ ಕೇಳುವುದು. ಮಾಹಿತಿ ಹಕ್ಕಿನಡಿ 10 ರೂಪಾಯಿ ಕಟ್ಟಿ ಆಯ್ಕೆ ಸಮಿತಿಯ ನಡಾವಳಿ, ದೂರಿನ ಅರ್ಜಿ, ತನಿಖಾ ವರದಿಯ ನಕಲು ಕೇಳುವುದು. 30 ದಿನದಲ್ಲಿ ಕೊಡಬೇಕು, ಬಿಪಿಎಲ್ ಕಾರ್ಡು ಇದ್ದವರಿಗೆ ಆ 10 ರೂಪಾಯಿಯೂ ಇಲ್ಲ. ಹೈಕೋರ್ಟಿನ ಆದೇಶ ಬಂದ ಮೇಲೂ ಕಚೇರಿ ಕೂತೇ ಇದ್ದರೆ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಬಹುದು, ಅದಕ್ಕೆ ಮಾತ್ರ ಒಂದು ವರ್ಷದ ಗಡುವುಂಟು. ಉಚಿತ ವಕೀಲರಿಗಾಗಿ ಬೆಂಗಳೂರಿಗೆ ಓಡಬೇಕಾಗಿಲ್ಲ. ತಾಲ್ಲೂಕು ಕೋರ್ಟಿನ ಆವರಣದಲ್ಲೇ ಕಾನೂನು ಸೇವಾ ಸಮಿತಿಯ ಕೋಣೆಯಿರುತ್ತದೆ. ಬಿಳಿ ಹಾಳೆಯಲ್ಲಿ ಕನ್ನಡದಲ್ಲಿ ಬರೆದುಕೊಟ್ಟ ಅರ್ಜಿ ಸಾಕು, ರದ್ದತಿ ಆದೇಶದ ಒಂದು ಜೆರಾಕ್ಸ್ ಜೊತೆಗಿರಲಿ.